ಮಳೆಗಲ್ಲು ಕೈಗೆ ಸಿಕ್ಕರೆ: ಕಥೆಯೊಳಗಿನ ಮಾಯಾಕಲ್ಲು ನಡೆಯುವ ಬಗೆ

ಜುಲೈ ನಡುವಿನಿಂದ ಆಗಸ್ಟ್ ನಡುವಿನವರೆಗಿನ ಕಕ್ಕಡ ತಿಂಗಳ ಮಳೆ ಹಿಡಿಯಿತೆಂದರೆ ಕೊಡಗಿನಲ್ಲಿ ಮೊದಲು ಹೋಗುವುದು ಕರೆಂಟು, ಅದರ ಬೆನ್ನಿಗೆ ಮೊಬೈಲ್ ಸಿಗ್ನಲ್, ಕೊನೆಗೆ ಮಕ್ಕಳ ಶಾಲೆ. ಮಳೆಯ ಕಾರಣ ರಜೆ ಘೋಷಿಸಿದ ಎರಡನೆಯ ದಿನ ನಮ್ಮ ಅಡುಗೆಮನೆಯ ಒಲೆಯ ಮುಂದೆ ಅಕ್ಕಪಕ್ಕದ ಮನೆಗಳ ನಾಲ್ಕು ಮಕ್ಕಳು ನೋಟ್‌ಬುಕ್ ಹಿಡಿದು ಕುಳಿತಿದ್ದರು. ಕಾಲ್ಪನಿಕ ಲೋಕದ ಕಥೆಯೊಂದನ್ನು ಐದು ಪುಟ ಬರೆದು ತರಬೇಕೆಂದು ಶಾಲೆಯಲ್ಲಿ ಹೇಳಿದ್ದರಂತೆ. ನಾಲ್ವರ ಕಥೆಯಲ್ಲೂ ಒಂದೊಂದು ಮಾಯಾಕಲ್ಲು. ಮೊಬೈಲಿನ ಆಟಗಳಲ್ಲಿ ಕೆಂಪು ಕಲ್ಲು, ಹಸಿರು ಕಲ್ಲು ಕೂಡಿಸಿ ಕೂಡಿಸಿ ಅವರಿಗೆ ಅದೇ ರೂಢಿಯಾಗಿದೆ.

‘ನಿನ್ನ ಕಲ್ಲು ಏನು ಮಾಡುತ್ತದೆ?’ ಎಂದು ಕೇಳಿದೆ.

‘ಏನು ಬೇಕಾದರೂ’ ಎಂದಳು ಎಲ್ಲರಿಗಿಂತ ಚಿಕ್ಕವಳು. ಅವಳ ಕಥೆ ಒಂದೂವರೆ ಪುಟಕ್ಕೆ ಮುಗಿದಿತ್ತು. ಹುಡುಗಿಗೆ ಕಲ್ಲು ಸಿಕ್ಕಿತು, ಉಜ್ಜಿದಳು, ರಾಕ್ಷಸ ಸತ್ತ. ಇನ್ನು ಮೂರೂವರೆ ಪುಟಕ್ಕೆ ಏನು ಮಾಡುವುದೆಂದು ಪೆನ್ಸಿಲ್ ಕಚ್ಚುತ್ತಿದ್ದಳು.

ಸಂಜೆ ಅವಳ ತಾಯಿ ಬಂದಾಗಲೂ ಅದೇ ಮಾತು. ಈ ಕಲ್ಲುಗಳದ್ದೇನು ಕಥೆ, ಇವಕ್ಕೆ ಲೆಕ್ಕ, ನಿಯಮ ಏನಾದರೂ ಇದೆಯೇ, ಅಥವಾ ಬರೆದವರ ಬಾಯಿಗೆ ಬಂದದ್ದೇ ಮಾಯೆಯೇ ಎಂದು ಆಕೆ ಕೇಳಿದರು. ನಿಯಮ ಇದೆ. ಮಕ್ಕಳು ಓದುವ, ಆಡುವ, ಬರೆಯುವ ಈ ಕಲ್ಲುಗಳ ಬಗ್ಗೆ ಏನೂ ಗೊತ್ತಿಲ್ಲದ ಹಿರಿಯರಿಗಾಗಿ ಅದನ್ನು ಬುಡದಿಂದ ಬಿಡಿಸಿಡುತ್ತೇನೆ.

ಮಾಯಾಕಲ್ಲು ಎಂದರೆ ಯಾವುದು

ಬರೆಯುವವರು ತಾವೇ ನೆಲ, ಹೊಳೆ, ಜನ, ಕಟ್ಟುಪಾಡು ಎಲ್ಲವನ್ನೂ ಹೊಸದಾಗಿ ಕಟ್ಟಿದ ಜಗತ್ತಿಗೆ ಕಾಲ್ಪನಿಕ ಲೋಕ ಎನ್ನುತ್ತಾರೆ. ಆ ಲೋಕದ ಬಹುಪಾಲು ನಮ್ಮದರಂತೆಯೇ ಇರುತ್ತದೆ. ಬೆಂಕಿ ಸುಡುತ್ತದೆ, ಹಸಿವಾಗುತ್ತದೆ, ಎತ್ತರದಿಂದ ಬಿದ್ದರೆ ಕಾಲು ಮುರಿಯುತ್ತದೆ. ಇಷ್ಟೆಲ್ಲ ನಿಯಮಗಳ ನಡುವೆ ಒಂದೇ ಒಂದನ್ನು ಮುರಿಯುವ ಕಲ್ಲು ಮಾಯಾಕಲ್ಲು. ಅದು ಒಂದನ್ನೇ ಮುರಿಯಬೇಕು. ಎಲ್ಲವನ್ನೂ ಮುರಿದರೆ ಓದುಗನಿಗೆ ಹಿಡಿದುಕೊಳ್ಳಲು ಏನೂ ಉಳಿಯುವುದಿಲ್ಲ.

ನಮ್ಮ ಭಾಷೆಗೆ ಈ ಸಾಮಾನು ಹೊಸದಲ್ಲ. ಮುಟ್ಟಿದ ಕಬ್ಬಿಣವನ್ನು ಹೊನ್ನಾಗಿಸುವ ಕಲ್ಲಿಗೆ ಪರುಷ ಎಂದು ಹೆಸರು. ಸಂಸ್ಕೃತದ ‘ಸ್ಪರ್ಶ’ವೇ ಕನ್ನಡದ ಬಾಯಲ್ಲಿ ‘ಪರುಷ’ವಾಯಿತು. ವಚನಕಾರರು ಗುರುವಿನ ಮಹಿಮೆ ಹೇಳಲು ಈ ಹೋಲಿಕೆಯನ್ನು ಮತ್ತೆ ಮತ್ತೆ ತಂದಿದ್ದಾರೆ. ಹಾವಿನ ಹೆಡೆಯಲ್ಲಿ ಇರುತ್ತದೆಂದು ಅಜ್ಜಿಯರು ಹೇಳುವುದು ನಾಗಮಣಿ. ಬಯಸಿದ್ದನ್ನೆಲ್ಲ ಕೊಡುವುದು ಚಿಂತಾಮಣಿ. ಆ ಹೆಸರಿನ ಊರೇ ನಮ್ಮ ರಾಜ್ಯದಲ್ಲಿದೆ, ಅಲ್ಲಿಯವರೂ ಬೆವರು ಸುರಿಸಿಯೇ ಉಣ್ಣುತ್ತಾರೆ.

ಪರುಷಕ್ಕೂ ಚಿಂತಾಮಣಿಗೂ ನಡುವಿನ ವ್ಯತ್ಯಾಸ ಈ ವಿಷಯದ ತಿರುಳು. ಪರುಷ ಒಂದೇ ಕೆಲಸ ಮಾಡುತ್ತದೆ, ಅದೂ ಮುಟ್ಟಿದರೆ ಮಾತ್ರ. ಚಿಂತಾಮಣಿ ಎಲ್ಲವನ್ನೂ ಮಾಡುತ್ತದೆ. ಹಾಗಾಗಿ ಸ್ತೋತ್ರಕ್ಕೆ, ಸ್ವರ್ಗದ ವರ್ಣನೆಗೆ ಚಿಂತಾಮಣಿ ಚೆನ್ನ. ಕಥೆಗೆ ಬೇಕಾಗುವುದು ಪರುಷ. ನಮ್ಮ ಚಿಕ್ಕವಳ ಒಂದೂವರೆ ಪುಟದ ಕಥೆಯಲ್ಲಿದ್ದದ್ದು ಚಿಂತಾಮಣಿ, ತೊಂದರೆಯೆಲ್ಲ ಅಲ್ಲೇ ಇತ್ತು.

ಕಲ್ಲೇ ಏಕೆ

ಮಾಯೆಯನ್ನು ಕೋಲಿನಲ್ಲೋ ಉಂಗುರದಲ್ಲೋ ಇಡಬಹುದು, ಇಟ್ಟವರೂ ಇದ್ದಾರೆ. ಆದರೂ ಲೋಕದ ಕಥೆಗಳೆಲ್ಲ ಕಲ್ಲಿನ ಬಳಿಗೆ ಮತ್ತೆ ಮತ್ತೆ ಬರುತ್ತವೆ. ಉಂಗುರವಾದರೆ ಯಾರೋ ಮಾಡಿದ್ದು, ಮಾಡಿದವನು ಯಾರು ಎಂಬ ಪ್ರಶ್ನೆ ಕೂಡಲೇ ಏಳುತ್ತದೆ. ಕಲ್ಲು ಹಾಗಲ್ಲ. ಅದು ಸಿಗುವಂಥದು. ಭಾಗಮಂಡಲದಲ್ಲಿ ಹೊಳೆಗಿಳಿದ ಯಾವ ಮಗುವಾದರೂ ಬರಿಗೈಯಲ್ಲಿ ಮೇಲೆ ಬರುವುದಿಲ್ಲ, ಜೇಬಿನಲ್ಲಿ ಒಂದು ನುಣುಪುಗಲ್ಲು ಇದ್ದೇ ಇರುತ್ತದೆ. ನೂರು ಕಲ್ಲುಗಳಲ್ಲಿ ಅದೊಂದನ್ನೇ ಏಕೆ ಆರಿಸಿದೆ ಎಂದರೆ ಉತ್ತರವಿಲ್ಲ. ಕಥೆ ಹುಟ್ಟುವುದು ಆ ಉತ್ತರವಿಲ್ಲದ ಜಾಗದಲ್ಲಿ.

ಇನ್ನೊಂದು ಕಾರಣ ವಯಸ್ಸು. ಕೊಡಗಿನ ಬೆಟ್ಟಗಳಡಿಯ ಶಿಲೆಗಳು ಮುನ್ನೂರು ಕೋಟಿ ವರ್ಷಗಳಿಗೂ ಹಿಂದಿನವು ಎನ್ನುತ್ತಾರೆ ಭೂವಿಜ್ಞಾನಿಗಳು. ಕೊಡವ ಕುಟುಂಬದ ಮೂಲಮನೆಯಾದ ಐನ್‌ಮನೆಯ ಕಂಬಕ್ಕೆ ಇನ್ನೂರು ವರ್ಷವಾಗಿದ್ದರೆ ನಾವು ಕೈಮುಗಿದು ನಿಲ್ಲುತ್ತೇವೆ. ಮೆಟ್ಟಿಲ ಕೆಳಗಿನ ಕಲ್ಲಿನ ಮುಂದೆ ಆ ಕಂಬ ನಿನ್ನೆಯ ಸಸಿ. ಇಷ್ಟು ಕಾಲ ಸುಮ್ಮನೆ ಕುಳಿತದ್ದಕ್ಕೆ ಏನೋ ಗೊತ್ತಿರಬೇಕು ಎಂದು ಮನುಷ್ಯನಿಗೆ ಅನ್ನಿಸುವುದು ಸಹಜ.

ಮೂರನೆಯದು ಕುತೂಹಲದ ಸಂಗತಿ. ನಿಜಲೋಕದಲ್ಲೇ ಒಂದು ಕಲ್ಲು ಮಾಯೆ ಮಾಡುತ್ತಿತ್ತು. ಮ್ಯಾಗ್ನಟೈಟ್ ಎಂಬ ಕಬ್ಬಿಣದ ಅದಿರಿನ ಕೆಲವು ತುಂಡುಗಳು ನೆಲದಲ್ಲಿದ್ದಾಗಲೇ ಕಾಂತಶಕ್ತಿ ಪಡೆದಿರುತ್ತವೆ. ಕಬ್ಬಿಣದ ಮೊಳೆಯನ್ನು ಮುಟ್ಟದೆಯೇ ಎಳೆದುಕೊಳ್ಳುತ್ತವೆ. ನಮ್ಮವರು ಇದಕ್ಕಿಟ್ಟ ಹೆಸರನ್ನು ನೋಡಿ: ಅಯಸ್ಕಾಂತ, ಎಂದರೆ ಕಬ್ಬಿಣದ ಪ್ರಿಯ. ಎಳೆತದ ಕಾರಣ ತಿಳಿಯದ ಕಾಲದಲ್ಲಿ ಇದನ್ನು ಕಣ್ಣಾರೆ ಕಂಡವನಿಗೆ, ಕಬ್ಬಿಣವನ್ನು ಕರೆಯುವ ಕಲ್ಲಿರುವುದಾದರೆ ಮಳೆಯನ್ನು ಕರೆಯುವ ಕಲ್ಲು ಏಕಿರಬಾರದು ಎಂದು ಅನ್ನಿಸಿದರೆ ನಗುವಂತಿಲ್ಲ.

ಸ್ಯಮಂತಕದ ಷರತ್ತು

ನಮ್ಮ ಪರಂಪರೆಯಲ್ಲಿ ಮಾಯಾಕಲ್ಲಿನ ಕಥೆಯನ್ನು ಅತ್ಯಂತ ಬಿಗಿಯಾಗಿ ಕಟ್ಟಿದ್ದು ಸ್ಯಮಂತಕದ ಪ್ರಸಂಗದಲ್ಲಿ. ಗಣೇಶ ಚೌತಿಯ ರಾತ್ರಿ ಅಪ್ಪಿತಪ್ಪಿ ಚಂದ್ರನನ್ನು ಕಂಡವರು ಅಪವಾದ ತಟ್ಟದಿರಲೆಂದು ಕೇಳುವ ಕಥೆ ಅದು.

ಸೂರ್ಯ ತನ್ನ ಭಕ್ತ ಸತ್ರಾಜಿತನಿಗೆ ಮಣಿಯನ್ನು ಕೊಡುತ್ತಾನೆ. ದಿನಕ್ಕೆ ಎಂಟು ಭಾರ (ಹಳೆಯ ತೂಕದ ಅಳತೆ) ಚಿನ್ನ ಅದರ ಕೊಡುಗೆ. ಅರಸ ಉಗ್ರಸೇನನಿಗೆ ಅದನ್ನು ಕೊಡು ಎಂದು ಕೃಷ್ಣ ಕೇಳುತ್ತಾನೆ, ಸತ್ರಾಜಿತ ಒಪ್ಪುವುದಿಲ್ಲ. ಅವನ ತಮ್ಮ ಪ್ರಸೇನ ಮಣಿಯನ್ನು ಕೊರಳಿಗೆ ಹಾಕಿಕೊಂಡು ಬೇಟೆಗೆ ಹೋದಾಗ ಸಿಂಹ ಅವನನ್ನು ಕೊಲ್ಲುತ್ತದೆ. ಸಿಂಹವನ್ನು ಜಾಂಬವಂತ ಕೊಂದು ಮಣಿಯನ್ನು ಗುಹೆಗೆ ಒಯ್ಯುತ್ತಾನೆ. ಊರಿನಲ್ಲಿ ಕೃಷ್ಣನೇ ಕದ್ದನೆಂಬ ಗುಸುಗುಸು. ಆಪಾದನೆ ತೊಳೆದುಕೊಳ್ಳಲು ಅವನು ಹೆಜ್ಜೆಗುರುತು ಹಿಡಿದು ಹೊರಡುತ್ತಾನೆ.

ಗುಹೆಯಲ್ಲಿ ಅವನಿಗೆ ಕಾಣುವ ದೃಶ್ಯ ನನಗೆ ಬಹಳ ಇಷ್ಟ. ಇಷ್ಟೆಲ್ಲ ಜೀವ ತೆಗೆದ ಮಣಿ ಅಲ್ಲಿ ಮಗುವಿನ ಆಟಿಕೆಯಾಗಿದೆ. ದಾದಿ ಜೋಗುಳ ಹಾಡುತ್ತಿದ್ದಾಳೆ. ಸಿಂಹ ಪ್ರಸೇನನನ್ನು ಕೊಂದಿತು, ಸಿಂಹವನ್ನು ಜಾಂಬವಂತ ಕೊಂದ, ಅಳಬೇಡ ಕಂದ, ಈ ಸ್ಯಮಂತಕ ನಿನ್ನದೇ. ಚೌತಿಯಂದು ದೋಷ ಪರಿಹಾರಕ್ಕೆಂದು ಮನೆಮನೆಯಲ್ಲಿ ಹೇಳುವ ಸಂಸ್ಕೃತ ಶ್ಲೋಕ ಈ ಜೋಗುಳವೇ. ಅದನ್ನು ಮಂತ್ರವೆಂದುಕೊಂಡು ಗಂಭೀರವಾಗಿ ಪಠಿಸುವ ಎಷ್ಟೋ ಜನರಿಗೆ ತಾವು ಕರಡಿಮರಿಯನ್ನು ರಮಿಸುತ್ತಿದ್ದೇವೆಂಬುದು ತಿಳಿದಿರುವುದಿಲ್ಲ. ಮುಂದೆ ಯುದ್ಧ, ಭಾಗವತದ ಲೆಕ್ಕದಲ್ಲಿ 28 ದಿನ. ಜಾಂಬವಂತ ಸೋತು ಮಣಿಯನ್ನೂ ಮಗಳು ಜಾಂಬವತಿಯನ್ನೂ ಒಪ್ಪಿಸುತ್ತಾನೆ. ಮಣಿ ಸತ್ರಾಜಿತನಿಗೆ ಮರಳುತ್ತದೆ, ನಾಚಿದ ಅವನು ಸತ್ಯಭಾಮೆಯನ್ನು ಕೃಷ್ಣನಿಗೆ ಮದುವೆ ಮಾಡಿಕೊಡುತ್ತಾನೆ. ಕಥೆ ಅಲ್ಲಿಗೂ ನಿಲ್ಲುವುದಿಲ್ಲ. ಅದೇ ಮಣಿಗಾಗಿ ಶತಧನ್ವ ಸತ್ರಾಜಿತನನ್ನು ಕೊಲ್ಲುತ್ತಾನೆ, ಮಣಿ ಅಕ್ರೂರನ ಕೈ ಸೇರುತ್ತದೆ.

ಸತ್ರಾಜಿತ ಆ ಚಿನ್ನದಿಂದ ಏನು ಕೊಂಡ, ಏನು ಕಟ್ಟಿಸಿದ ಎಂದು ಕೇಳಿದರೆ ನಮ್ಮಲ್ಲಿ ಯಾರಿಗೂ ನೆನಪಾಗುವುದಿಲ್ಲ. ನೆನಪಿರುವುದೆಲ್ಲ ಕಲ್ಲು ಯಾರಿಂದ ಯಾರ ಕೈಗೆ ಹೋಯಿತು ಎಂಬುದು. ಏಕೆಂದರೆ ಕಲ್ಲಿಗೊಂದು ಷರತ್ತು ಇತ್ತು. ಶುದ್ಧನಾಗಿ ಧರಿಸಿದವನಿಗೆ ಚಿನ್ನ, ಅಶುದ್ಧನಾಗಿ ಧರಿಸಿದವನಿಗೆ ಸಾವು ಎನ್ನುತ್ತದೆ ವಿಷ್ಣುಪುರಾಣ. ಈ ಷರತ್ತನ್ನು ತೆಗೆದುಹಾಕಿ ನೋಡಿ. ಸತ್ರಾಜಿತ ಶ್ರೀಮಂತನಾದ ಎಂಬ ಒಂದೇ ವಾಕ್ಯ ಉಳಿಯುತ್ತದೆ.

ಷರತ್ತು ಮುರಿದದ್ದರಿಂದ ಹುಟ್ಟಿದ ಕಥೆಗಾಗಿ ಕೊಡಗಿನವರು ದೂರ ಹೋಗಬೇಕಿಲ್ಲ. ತನ್ನನ್ನು ಒಂಟಿಯಾಗಿ ಬಿಡಬಾರದೆಂಬ ಮಾತಿನ ಮೇಲೆ ಕಾವೇರಿ ಅಗಸ್ತ್ಯನ ಕೈಹಿಡಿದಳು. ಅವನು ಅವಳನ್ನು ಕಮಂಡಲದ ನೀರಾಗಿಸಿ ಶಿಷ್ಯರ ಕಾವಲಿಗೆ ಬಿಟ್ಟು ಸ್ನಾನಕ್ಕೆ ಹೋದ, ಅವಳು ಹರಿದು ಹೊರಟಳು. ಹೊತ್ತಿನ ಕಟ್ಟು ಕೂಡ ನಮಗೆ ಗೊತ್ತು. ತೀರ್ಥೋದ್ಭವಕ್ಕೆ ತುಲಾ ಸಂಕ್ರಮಣದ ಆ ಮುಹೂರ್ತವೇ ಆಗಬೇಕು, ಅದಕ್ಕಾಗಿ ಜನ ನಡುರಾತ್ರಿಯಾದರೂ ತಲಕಾವೇರಿಯ ಚಳಿಯಲ್ಲಿ ಕಾಯುತ್ತಾರೆ. ಮದ್ದುಸೊಪ್ಪಿನ ನೇರಳೆ ಪಾಯಸಕ್ಕೆ ಕಕ್ಕಡ ಹದಿನೆಂಟೇ ಆಗಬೇಕು. ಹದಿನೇಳಕ್ಕೆ ಕಿತ್ತರೆ ಆ ಘಮ ಬರುವುದಿಲ್ಲ ಎನ್ನುತ್ತಾರೆ ಹಿರಿಯರು. ನಮ್ಮ ಮಕ್ಕಳಿಗೆ ಮಾಯೆಯ ವ್ಯಾಕರಣ ಮನೆಯಲ್ಲೇ ಕಲಿತಾಗಿದೆ, ಅದು ವ್ಯಾಕರಣವೆಂದು ಯಾರೂ ಹೇಳಿಲ್ಲ ಅಷ್ಟೆ.

ಒಲೆಯ ಮುಂದೆ ಕಟ್ಟಿದ ಮಳೆಗಲ್ಲು

ಇಷ್ಟನ್ನು ಮಕ್ಕಳಿಗೆ ಹೇಳಿ, ‘ಎಲ್ಲವನ್ನೂ ಮಾಡುವ ಕಲ್ಲು ಬೇಡ, ಒಂದೇ ಕೆಲಸದ ಕಲ್ಲು ಮಾಡೋಣ’ ಎಂದೆ. ಯಾವ ಕೆಲಸ ಎಂಬುದರ ಬಗ್ಗೆ ಚರ್ಚೆಯೇ ಆಗಲಿಲ್ಲ. ಹೆಂಚಿನ ಮೇಲೆ ಸುರಿಯುತ್ತಿದ್ದ ಸದ್ದಿನಲ್ಲಿ ನಾಲ್ವರೂ ಒಟ್ಟಿಗೆ ಕೂಗಿದ್ದು ಒಂದೇ: ಮಳೆ ನಿಲ್ಲಿಸುವ ಕಲ್ಲು.

ಚಿಕ್ಕವಳು ಹೊರಗೆ ಓಡಿ ಒಂದು ಕಲ್ಲನ್ನು ಎತ್ತಿಕೊಂಡೇ ಬಂದಳು. ತೆಂಗಿನಕಾಯಿ ಗಾತ್ರ, ಕಪ್ಪು ಬಣ್ಣ, ಒಂದು ಬದಿಗೆ ಪಾಚಿ, ನಡುವೆ ಬಿಳಿಯ ಗೆರೆ. ಒಲೆಯ ಕಟ್ಟೆಯ ಮೇಲಿಟ್ಟಾಗ ಅದರಿಂದ ಸಣ್ಣಗೆ ಹಬೆ ಎದ್ದಿತು. ಮಕ್ಕಳು ಅದನ್ನೇ ನೋಡುತ್ತ ಕುಳಿತರು. ಕಲ್ಲಿನಿಂದ ಹಬೆ ಏಳುವುದಕ್ಕಿಂತ ದೊಡ್ಡ ಪುರಾವೆ ಯಾವ ಮಗುವಿಗೆ ಬೇಕು?

ಹೆಸರು ಮಳೆಗಲ್ಲು ಎಂದಾಯಿತು. ಉಜ್ಜಿದರೆ ಮಳೆ ನಿಲ್ಲುತ್ತದೆ, ತಿರುಗಿಸಿ ಉಜ್ಜಿದರೆ ಬರುತ್ತದೆ. ಈಗ ಪ್ರಶ್ನೆ: ಆ ಕಾಲ್ಪನಿಕ ಊರಿನಲ್ಲಿ ಯಾರು ಯಾವಾಗ ಅದನ್ನು ಉಜ್ಜುತ್ತಾರೆ? ಊರು ಕಾಲ್ಪನಿಕವಾದರೂ ಕಟ್ಟಿದವರು ಕೊಡಗಿನ ಮಕ್ಕಳಾದ್ದರಿಂದ ಅಲ್ಲಿ ಕಾಫಿ ತೋಟ ಬಂದೇ ಬಂತು.

ಕಾಫಿ ಗಿಡಕ್ಕೆ ಫೆಬ್ರವರಿ ಕೊನೆಯಿಂದ ಏಪ್ರಿಲ್ ಒಳಗೆ ಒಂದು ಹೂಮಳೆ ಬೇಕು, ಸುಮಾರು ಒಂದು ಇಂಚು. ಇಲ್ಲಿ ಬೆಳೆಗಾರರು ಇಂದಿಗೂ ಮಳೆಯನ್ನು ಇಂಚು, ಸೆಂಟಿನಲ್ಲೇ (ಇಂಚಿನ ನೂರನೆಯ ಪಾಲು ಒಂದು ಸೆಂಟು) ಅಳೆಯುತ್ತಾರೆ, ‘ನಿಮ್ಮಲ್ಲಿ ಎಷ್ಟು ಸೆಂಟು ಬಂತು?’ ಎಂಬುದೇ ಆ ದಿನಗಳ ಕುಶಲಪ್ರಶ್ನೆ. ಮಳೆ ಬಿದ್ದ ವಾರ, ಹತ್ತು ದಿನಕ್ಕೆ ತೋಟವೆಲ್ಲ ಬೆಳ್ಳಗೆ, ಮಲ್ಲಿಗೆಯಂಥ ಪರಿಮಳ. ಆದರೆ ಹೂ ಅರಳಿದ ದಿನವೇ ಮತ್ತೆ ಮಳೆ ಹೊಡೆದರೆ ಪರಾಗ ತೊಳೆದುಹೋಗಿ ಕಾಯಿ ಕಟ್ಟುವುದಿಲ್ಲ. ಆಮೇಲೆ ಕೆಲವು ವಾರಗಳಲ್ಲಿ ಬ್ಯಾಕಿಂಗ್ ಮಳೆ, ಎಂದರೆ ಹೂಮಳೆಯ ಬೆನ್ನಿಗೆ ಬೇಕಾದ ಎರಡನೆಯ ಮಳೆ, ಬಾರದಿದ್ದರೆ ಎಳೆಗಾಯಿ ಒಣಗುತ್ತದೆ. ಡಿಸೆಂಬರ್, ಜನವರಿಯಲ್ಲಿ ಕಣದಲ್ಲಿ ಕಾಫಿ ಹರಡಿದಾಗ ಒಂದು ಹನಿಯೂ ಬೀಳಬಾರದು. ಒಂದೇ ಕಲ್ಲು, ಒಂದೇ ಕೆಲಸ, ಆದರೆ ದಿನ ತಪ್ಪಿದರೆ ವರ್ಷದ ಬೆಳೆ ಹೋಯಿತು.

‘ಹಾಗಾದರೆ ಈಗ ಜುಲೈಯಲ್ಲಿ ನಿಲ್ಲಿಸಬಹುದಲ್ಲ’ ಎಂದ ಏಳನೇ ತರಗತಿಯ ಹುಡುಗ. ಕೂಡಲೇ ಅವನ ಅಕ್ಕ ತಡೆದಳು. ಅವರ ಮನೆಯ ಗದ್ದೆಯಲ್ಲಿ ನಾಟಿ ಇನ್ನೂ ಮುಗಿದಿರಲಿಲ್ಲ. ಜೂನ್ ಮಳೆ ನಿಲ್ಲಿಸಿದರೆ ಕರಿಮೆಣಸಿನ ತೆನೆ ಕಟ್ಟುವುದಿಲ್ಲ ಎಂದು ಇನ್ನೊಬ್ಬ ಸೇರಿಸಿದ. ಕೆಆರ್‌ಎಸ್ ತುಂಬುವುದಿಲ್ಲ ಎಂದಿತು ಮತ್ತೊಂದು ದನಿ. 124.80 ಅಡಿ ಎಂಬ ಸಂಖ್ಯೆ ನಮ್ಮ ಮಕ್ಕಳಿಗೂ ಟಿವಿಯಿಂದ ಬಾಯಿಪಾಠ. ಇಲ್ಲಿನ ಬೆಟ್ಟದ ಮೇಲೆ ಸುರಿದದ್ದೇ ಕೆಳಗೆ ಮಂಡ್ಯದ ಗದ್ದೆಗೆ ಹೋಗುವುದು. ಕಲ್ಲು ಉಜ್ಜಿದವಳು ತನ್ನ ಅಂಗಳವನ್ನು ಒಣಗಿಸಿಕೊಂಡರೆ ಎಷ್ಟೋ ಮೈಲಿ ಆಚೆಗಿನವನ ನಾಲೆ ಬತ್ತುತ್ತದೆ.

ಹೀಗೆ ಹತ್ತು ನಿಮಿಷದಲ್ಲಿ ಕಥೆಗೆ ನಾಲ್ಕು ಮನೆಗಳು, ನಾಲ್ಕು ಬಯಕೆಗಳು, ಒಂದು ಜಗಳ ಬಂದವು. ರಾಕ್ಷಸ ಬೇಕಾಗಲೇ ಇಲ್ಲ. ಕಲ್ಲಿನ ಕೆಲಸವನ್ನು ಕಿರಿದಾಗಿಸಿದಷ್ಟೂ ಕಥೆ ಹಿಗ್ಗುತ್ತದೆ ಎಂಬುದನ್ನು ಹೇಳಿಕೊಡುವ ಅಗತ್ಯವೂ ಬರಲಿಲ್ಲ.

‘ಬೇಕಾದಷ್ಟು ಮಳೆ ಬರಲಿ’ ಎಂದು ಮಾತ್ರ ಯಾರೂ ಬರೆಯಲಿಲ್ಲ. 2018ರ ಆಗಸ್ಟಿನಲ್ಲಿ ಬೆಟ್ಟಗಳು ಜರಿದದ್ದನ್ನು ಈ ಮಕ್ಕಳಲ್ಲಿ ದೊಡ್ಡವರು ಕಂಡಿದ್ದಾರೆ, ಚಿಕ್ಕವರು ಕೇಳಿದ್ದಾರೆ.

ಮಳೆಗಲ್ಲು ಎಂಬ ಕಲ್ಪನೆ ನಮ್ಮ ಅಡುಗೆಮನೆಯಲ್ಲೇ ಮೊದಲು ಹುಟ್ಟಿತೆಂದು ಹೇಳಲಾರೆ. ಪ್ರಾಚೀನ ರೋಮ್ ನಗರದ ಬಾಗಿಲೊಂದರ ಹೊರಗೆ ‘ಲಾಪಿಸ್ ಮನಾಲಿಸ್’ ಎಂಬ ಕಲ್ಲಿತ್ತು. ಬರ ಬಂದಾಗ ಅದನ್ನು ನಗರದೊಳಗೆ ಎಳೆದು ತಂದರೆ ಮಳೆಯಾಗುತ್ತದೆಂಬ ನಂಬಿಕೆ. ಮಧ್ಯ ಏಷ್ಯಾದ ತುರ್ಕಿ ಜನರಲ್ಲಿ ‘ಯದಾ’ ಎಂಬ ಕಲ್ಲು. ಮಳೆ, ಹಿಮ ತರಿಸಲು ಅದನ್ನು ಬಳಸಬಲ್ಲವರೆಂಬ ಖ್ಯಾತಿಯವರು ಇದ್ದರು, ಮೊಘಲ್ ದೊರೆ ಬಾಬರನ ಆತ್ಮಕಥೆಯಲ್ಲೂ ಅದರ ಪ್ರಸ್ತಾಪ ಬರುತ್ತದೆ. ಅದನ್ನು ಪ್ರಾಣಿಗಳ ಹೊಟ್ಟೆಯಲ್ಲಿ ಬೆಳೆಯುವ ಗಟ್ಟಿ ಉಂಡೆ ಎಂದೂ ಹೇಳುತ್ತಾರೆ. ನಮ್ಮ ಪಂಡಿತರ ಗೋರೋಚನವೂ ಅದೇ ಬಳಗದ್ದು, ದನದ ಪಿತ್ತಕೋಶದ ಕಲ್ಲು. ಅಲ್ಲಿಯವರಿಗೆ ಮಳೆಯ ಕೊರತೆ, ಆದ್ದರಿಂದ ಕಲ್ಲು ಮಳೆಯನ್ನು ತರುತ್ತದೆ. ನಮ್ಮ ಮಕ್ಕಳಿಗೆ ಮಳೆಯೇ ಕಾಟ, ಆದ್ದರಿಂದ ನಿಲ್ಲಿಸುತ್ತದೆ.

ಬೆಲೆ ಎಷ್ಟು ಎಂಬ ಲೆಕ್ಕ

ಕಾಲ್ಪನಿಕ ಲೋಕ ಕಟ್ಟುವವರು ಬಳಸುವ ಇನ್ನೊಂದು ಮಾತು ‘ಬೆಲೆ’. ಕಲ್ಲು ಕೊಡುವುದಕ್ಕೆ ಪ್ರತಿಯಾಗಿ ಏನನ್ನಾದರೂ ತೆಗೆದುಕೊಳ್ಳಬೇಕು. ಬಳಸಿದವನ ಆಯುಷ್ಯವೋ ನೆನಪೋ ಒಂದು ಹಿಡಿ ಅಕ್ಕಿಯೋ, ಏನಾದರೂ ಆಗಬಹುದು. ಇದು ಬರೀ ಕಥೆಗಾರರ ಹಟವಲ್ಲ. ನಿಜಲೋಕದಲ್ಲಿ ಮಳೆಗೆ ಬೆಲೆ ಎಷ್ಟು ಎಂದು ಲೆಕ್ಕ ಹಾಕಿದರೆ ಅರ್ಥವಾಗುತ್ತದೆ.

ಒಂದು ಎಕರೆ ತೋಟಕ್ಕೆ ಒಂದು ಇಂಚು ಹೂಮಳೆ ಎಂದರೆ ಒಂದು ಲಕ್ಷ ಲೀಟರಿಗೆ ತುಸು ಹೆಚ್ಚು ನೀರು. ಐದು ಸಾವಿರ ಲೀಟರಿನ ಟ್ಯಾಂಕರ್ ಇಪ್ಪತ್ತು ಸಲ ಬಂದು ಹೋದಷ್ಟು. ನೀರಿನ ತೂಕವಾಯಿತು, ಅದನ್ನು ಆಕಾಶಕ್ಕೇರಿಸಿದ ಕೂಲಿ ಬೇರೆ. ಅಷ್ಟು ನೀರನ್ನು ಆವಿ ಮಾಡಲು ಬೇಕಾದ ಶಾಖವನ್ನು ಕರೆಂಟಿನ ಲೆಕ್ಕಕ್ಕೆ ತಂದರೆ ಸುಮಾರು 70,000 ಯೂನಿಟ್. ತಿಂಗಳಿಗೆ 100 ಯೂನಿಟ್ ಉರಿಸುವ ಮನೆಗೆ 58 ವರ್ಷದ ಬಿಲ್ಲು. ಒಂದು ಎಕರೆಗೆ, ಒಂದು ಇಂಚಿಗೆ ಇಷ್ಟು. ಮಡಿಕೇರಿಯಲ್ಲಿ ವರ್ಷಕ್ಕೆ ಬೀಳುವುದು 3,000 ಮಿಲಿಮೀಟರಿಗೂ ಹೆಚ್ಚು, ಎಂದರೆ ನೂರಿಪ್ಪತ್ತು ಇಂಚಿನ ಆಸುಪಾಸು. ಇಡೀ ಬಿಲ್ಲನ್ನು ಅರಬ್ಬೀ ಸಮುದ್ರದ ಮೇಲೆ ಸೂರ್ಯ ತಾನೇ ಕಟ್ಟುತ್ತಾನೆ, ನಮಗೆ ರಸೀದಿ ಬರುವುದಿಲ್ಲ.

ಒಣ ಆಕಾಶದಿಂದ ಮಳೆ ತರಿಸುವ ಕಲ್ಲು ಸೂರ್ಯನ ಈ ಕೆಲಸವನ್ನು ತನ್ನ ಮೇಲೆ ಹಾಕಿಕೊಳ್ಳಬೇಕು. ಅಷ್ಟು ಶಾಖ ಎಲ್ಲಿಂದ ಬಂತು ಎಂದು ಓದುಗ ಬಾಯಿಬಿಟ್ಟು ಕೇಳದಿದ್ದರೂ ಅವನ ಮನಸ್ಸು ಕೇಳುತ್ತದೆ. ಈ ಲೆಕ್ಕ ಹೇಳಿದ ಮೇಲೆ ಏಳನೇ ತರಗತಿಯವನು ತನ್ನ ನೋಟ್‌ಬುಕ್ಕಿನಲ್ಲಿ ಒಂದು ನಿಯಮ ತಿದ್ದಿದ. ಮಳೆಗಲ್ಲು ಮಳೆಯನ್ನು ಹುಟ್ಟಿಸುವುದಿಲ್ಲ, ಅಳಿಸುವುದೂ ಇಲ್ಲ, ಒಂದು ಊರಿನದನ್ನು ಇನ್ನೊಂದು ಊರಿಗೆ ಕಳಿಸುತ್ತದೆ. ಇದಕ್ಕಿಂತ ಒಳ್ಳೆಯ ನಿಯಮ ನನಗೂ ಹೊಳೆದಿರಲಿಲ್ಲ. ಮಡಿಕೇರಿಯಿಂದ ಕುಶಾಲನಗರಕ್ಕೆ ಬಸ್ಸಿನಲ್ಲಿ ಇಳಿದವರಿಗೆ ಅದು ಹೊಸದೂ ಅಲ್ಲ. ಒಂದು ಗಂಟೆಯ ದಾರಿಯಲ್ಲಿ ಮಳೆ ಅರ್ಧಕ್ಕಿಂತ ಕಡಿಮೆಯಾಗಿರುತ್ತದೆ, ಯಾರೋ ನಡುವೆ ಕಲ್ಲು ಉಜ್ಜಿದಂತೆ.

ಕಥೆಯಿಂದ ಹೊರಗೆ ಬಂದ ಕಲ್ಲುಗಳು

ಕಲ್ಲು ಕಥೆಯೊಳಗಿದ್ದರೆ ಕ್ಷೇಮ. ಅದನ್ನು ನಿಜವೆಂದು ಹುಡುಕಹೊರಟವರ ಚರಿತ್ರೆಯೂ ಉದ್ದವಾಗಿದೆ. ಯೂರೋಪಿನ ರಸವಾದಿಗಳು ನಮ್ಮ ಪರುಷದಂಥದೇ ಕಲ್ಲಿಗಾಗಿ ಶತಮಾನಗಳ ಕಾಲ ಕುಲುಮೆ ಊದಿದರು. ನ್ಯೂಟನ್ ಕೂಡ ಆ ಗುಂಗಿನಲ್ಲಿ ರಾಶಿ ಹಾಳೆ ಬರೆದಿಟ್ಟಿದ್ದಾನೆ. 1669ರಲ್ಲಿ ಹ್ಯಾಂಬರ್ಗಿನ ಹೆನ್ನಿಗ್ ಬ್ರಾಂಡ್ ಮೂತ್ರವನ್ನು ಕುದಿಸಿ ಕುದಿಸಿ ಕತ್ತಲಲ್ಲಿ ಹೊಳೆಯುವ ವಸ್ತುವೊಂದನ್ನು ಪಡೆದ. ಅದು ಚಿನ್ನವಲ್ಲ, ರಂಜಕ. ಬೆಂಕಿಕಡ್ಡಿಯ ಪೆಟ್ಟಿಗೆ ಮತ್ತು ತೋಟದ ಗೊಬ್ಬರದ ಚೀಲ ಎರಡರಲ್ಲೂ ಇಂದು ಅದು ಬೇರೆ ಬೇರೆ ರೂಪದಲ್ಲಿದೆ.

ಲೋಹ ಚಿನ್ನವಾಗುವುದು ಅಸಾಧ್ಯವೇನಲ್ಲ ಎಂದರೆ ಆಶ್ಚರ್ಯವಾಗಬಹುದು. ಯಾವ ಧಾತು ಎಂಬುದನ್ನು ನಿರ್ಧರಿಸುವುದು ಪರಮಾಣುವಿನ ನಡುವಿರುವ ಪ್ರೋಟಾನುಗಳ ಸಂಖ್ಯೆ. ಚಿನ್ನಕ್ಕೆ 79, ಸೀಸಕ್ಕೆ 82. ಸೀಸದಿಂದ ಮೂರನ್ನು ಉದುರಿಸಿದರೆ ಚಿನ್ನ. ಕುಲುಮೆಯ ಬೆಂಕಿ ಪರಮಾಣುವಿನ ಹೊರಗಿನ ಎಲೆಕ್ಟ್ರಾನುಗಳನ್ನು ಮಾತ್ರ ಅಲುಗಿಸಬಲ್ಲದು, ಒಳಗಿನ ಗಂಟಿಗೆ ಅದರ ಕಾವು ತಾಗುವುದಿಲ್ಲ. ರಸವಾದಿಗಳು ಸೋತದ್ದು ಇಲ್ಲಿ. 1980ರಲ್ಲಿ ಅಮೆರಿಕದ ಗ್ಲೆನ್ ಸೀಬೋರ್ಗ್ ಮತ್ತು ಸಂಗಡಿಗರು ಕಣಗಳನ್ನು ಭಾರೀ ವೇಗಕ್ಕೇರಿಸುವ ವೇಗವರ್ಧಕ ಯಂತ್ರದಲ್ಲಿ ಬಿಸ್ಮತ್ ಎಂಬ ಲೋಹದಿಂದ ಚಿನ್ನದ ಕಣಗಳನ್ನು ಮಾಡಿಯೇ ತೋರಿಸಿದರು, ಖರ್ಚು ಚಿನ್ನದ ಬೆಲೆಯನ್ನು ಎಷ್ಟೋ ಪಟ್ಟು ಮೀರಿತ್ತು. ಜಿನೀವಾ ಬಳಿಯ ಸರ್ನ್ ಪ್ರಯೋಗಾಲಯದಲ್ಲಿ ಸೀಸದ ಕಣಗಳು ಒಂದರ ಪಕ್ಕ ಒಂದು ಹಾದುಹೋಗುವಾಗ ಚಿನ್ನವಾದದ್ದನ್ನು ಲೆಕ್ಕ ಹಾಕಿ 2025ರಲ್ಲಿ ಪ್ರಕಟಿಸಿದರು. 2015ರಿಂದ 2018ರವರೆಗೆ ಹುಟ್ಟಿದ್ದು 8,600 ಕೋಟಿ ಚಿನ್ನದ ಪರಮಾಣುಬೀಜಗಳು. ತೂಕ 29 ಪಿಕೋಗ್ರಾಂ. ಒಂದು ಗ್ರಾಮನ್ನು ಲಕ್ಷ ಕೋಟಿ ಪಾಲು ಮಾಡಿದರೆ ಒಂದು ಪಾಲು ಒಂದು ಪಿಕೋಗ್ರಾಂ. ಅವೂ ಹುಟ್ಟಿದ ಕ್ಷಣದಲ್ಲೇ ಚೂರಾದವು. ಪರುಷ ಸಿಕ್ಕಿತು, ಬೆಲೆ ಕಥೆಯಲ್ಲಿದ್ದುದಕ್ಕಿಂತ ದುಬಾರಿ.

ಕೊಡಗಿನಂಥ ಜಾಗದಲ್ಲಿ ತುರ್ತಾಗಿ ತಿಳಿಯಬೇಕಾದದ್ದು ವಿಷ ಹೀರುವ ಕಲ್ಲಿನ ಸಂಗತಿ. ಹಾವು ಕಚ್ಚಿದ ಜಾಗಕ್ಕೆ ಇಟ್ಟರೆ ಅಂಟಿಕೊಂಡು ವಿಷ ಕುಡಿದು ತಾನೇ ಬೀಳುತ್ತದೆಂದು ಹೇಳುವ ಕಪ್ಪು ಬಿಲ್ಲೆ ಅದು. ಸಾಮಾನ್ಯವಾಗಿ ಸುಟ್ಟ ಮೂಳೆಯ ತುಂಡು. ಅದರ ತುಂಬ ಸಣ್ಣ ರಂಧ್ರಗಳಿರುವುದರಿಂದ ಒದ್ದೆಯಾದ ಗಾಯಕ್ಕೆ ಅಂಟುತ್ತದೆ, ಒಣ ಬಿಸ್ಕತ್ತು ತುಟಿಗೆ ಅಂಟುವ ಹಾಗೆ. ರಂಧ್ರಗಳು ತುಂಬಿದಾಗ ಬೀಳುತ್ತದೆ. ಹಲ್ಲಿನಿಂದ ಆಳಕ್ಕಿಳಿದು ರಕ್ತಕ್ಕೂ ದುಗ್ಧರಸದ ನಾಳಕ್ಕೂ ಸೇರಿದ ವಿಷಕ್ಕೆ ಅದು ಏನೂ ಮಾಡಲಾರದು. ಹಾಗಿದ್ದರೂ ಕೆಲವರು ಬದುಕಿದ್ದು ಹೇಗೆ ಎಂದರೆ, ಕಚ್ಚುವ ಹಾವುಗಳಲ್ಲಿ ಅನೇಕವು ವಿಷದವಲ್ಲ, ವಿಷದ ಹಾವೂ ಕೆಲವು ಸಲ ವಿಷ ಬಿಡದೆ ಕಚ್ಚುತ್ತದೆ. ಬದುಕಿದವರ ಹೊಗಳಿಕೆ ಕಲ್ಲಿಗೆ ಹೋಗುತ್ತದೆ, ಸತ್ತವರದು ಹಣೆಬರಹಕ್ಕೆ. ನಾಗರಹಾವು, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲ ಈ ನಾಲ್ಕರ ವಿಷಕ್ಕೆ ನಮ್ಮ ದೇಶದ ಆಸ್ಪತ್ರೆಗಳಲ್ಲಿ ಕೊಡುವ ಪ್ರತಿವಿಷವೇ ಮದ್ದು. ಕಚ್ಚಿದ ಕಾಲನ್ನು ಅಲುಗಿಸದೆ, ಕೊಯ್ಯದೆ, ಬಿಗಿದು ಕಟ್ಟದೆ ಅಲ್ಲಿಗೆ ತಲುಪಿಸಬೇಕು. ನಾಗಮಣಿಯ ವಿಷಯವೂ ಇಷ್ಟೇ ಸರಳ. ಯಾವ ಹಾವಿನ ತಲೆಯಲ್ಲೂ ಕಲ್ಲು ಬೆಳೆಯುವುದಿಲ್ಲ.

ಅಕ್ಕಿಯನ್ನು ಸೆಳೆಯುವ ತಾಮ್ರದ ಪಾತ್ರೆ, ಕೋಟಿ ಬಾಳುವ ಹರಳು ಎಂದು ಮಾರಲು ಬರುವವರ ಬಗ್ಗೆ ಪತ್ರಿಕೆಗಳಲ್ಲಿ ಆಗಾಗ ಓದುತ್ತೇವೆ. ಅಕ್ಕಿಯೊಳಗೆ ಕಬ್ಬಿಣ, ಪಾತ್ರೆಯೊಳಗೆ ಅಯಸ್ಕಾಂತ ಅಡಗಿಸುವ ಕೈಚಳಕವದು. ಮಾರಲು ಬರುವವರ ಕಲ್ಲಿಗೂ ಕಥೆಯ ಕಲ್ಲಿಗೂ ನಡುವಿನ ಒಂದು ವ್ಯತ್ಯಾಸವನ್ನು ಮಕ್ಕಳೇ ಕಂಡುಹಿಡಿದರು. ಸ್ಯಮಂತಕಕ್ಕೆ ಷರತ್ತಿದೆ, ಮಳೆಗಲ್ಲಿಗೆ ಬೆಲೆಯಿದೆ. ಮಾರಲು ಬಂದವನ ಕಲ್ಲು ಮಾತ್ರ ಏನು ಬೇಕಾದರೂ ಮಾಡುತ್ತದೆ, ಯಾವಾಗ ಬೇಕಾದರೂ ಮಾಡುತ್ತದೆ, ಯಾರು ಹಿಡಿದರೂ ಮಾಡುತ್ತದೆ. ನಿಯಮವಿರುವುದು ಮುಂಗಡ ಹಣಕ್ಕೆ ಮಾತ್ರ.

ಚಿಕ್ಕವಳ ಮೂರನೆಯ ಪುಟ

ಕತ್ತಲಾಗುವ ಹೊತ್ತಿಗೆ ಒಲೆ ಹೊಗೆಯಲಾರಂಭಿಸಿತು. ಸೌದೆ ತರಲು ಹಿತ್ತಿಲಿಗೆ ಹೋದರೆ ರಾಶಿಯ ಮೇಲೆ ಹೊದಿಸಿದ್ದ ಪ್ಲಾಸ್ಟಿಕ್ ಹಾಳೆ ಗಾಳಿಗೆ ಎದ್ದು ಕಾಫಿ ಗಿಡಕ್ಕೆ ಸಿಕ್ಕಿಕೊಂಡಿತ್ತು. ವಾರದಿಂದ ಕಾಪಾಡಿದ ಒಣ ಸೌದೆಯೆಲ್ಲ ತೊಯ್ದು ತೊಪ್ಪೆ. ಹಾಳೆಯ ಮೂಲೆಗೆ ಹೇರಿದ್ದ ಕಪ್ಪು ಕಲ್ಲು ಅಲ್ಲಿರಲಿಲ್ಲ. ಅದು ನಮ್ಮ ಒಲೆಯ ಕಟ್ಟೆಯ ಮೇಲೆ ಬೆಚ್ಚಗೆ ಕುಳಿತು ಮಳೆಗಲ್ಲಾಗಿತ್ತು.

ಚಿಕ್ಕವಳು ಬಾಗಿಲಲ್ಲಿ ನಿಂತು ಹಾಳೆಯನ್ನೂ ನನ್ನನ್ನೂ ಒಂದಿಷ್ಟು ಹೊತ್ತು ನೋಡಿದಳು. ಆಮೇಲೆ ಒಳಗೆ ಹೋಗಿ, ಮೇಣದಬತ್ತಿಯನ್ನು ಹತ್ತಿರಕ್ಕೆ ಎಳೆದುಕೊಂಡು ಮೂರನೆಯ ಪುಟದ ತಲೆಯಲ್ಲಿ ಬರೆದಳು: ‘ಈ ಕಲ್ಲನ್ನು ಎತ್ತಿಕೊಂಡರೆ ಅದು ಮೊದಲು ಹಿಡಿದುಕೊಂಡಿದ್ದದ್ದು ಹಾರಿಹೋಗುತ್ತದೆ.’ ಬರೆದು ಮುಗಿಸಿ, ಕಲ್ಲನ್ನು ಎರಡೂ ಕೈಯಲ್ಲಿ ಎತ್ತಿ ನನಗೆ ಕೊಟ್ಟಳು. ನಾನು ಟಾರ್ಚ್ ಬಾಯಲ್ಲಿ ಕಚ್ಚಿ ಹಾಳೆ ಬಿಡಿಸಲು ಹೊರಟೆ.